ಕಾಕಾ ನಿಲ್ಲಿಸಿದ ಯುದ್ಧ

ಜಗತ್ತಿನಲ್ಲಿ ಯುದ್ಧ ಶುರು ಮಾಡಿದವರ ಹೆಸರು ಪುಸ್ತಕಗಳಲ್ಲಿ ಸಿಗುತ್ತದೆ. ನಿಲ್ಲಿಸಿದವರ ಹೆಸರೂ ಹುಡುಕಿದರೆ ಅಲ್ಲೊಂದು ಇಲ್ಲೊಂದು ಸಿಗುತ್ತದೆ. ಆದರೆ ಒಂದೇ ಯುದ್ಧವನ್ನು ಒಂದು ವಾರದಲ್ಲಿ ಹನ್ನೊಂದು ಸಲ ನಿಲ್ಲಿಸಿದ ಮನುಷ್ಯ ನನಗೆ ಗೊತ್ತಿರುವಂತೆ ಒಬ್ಬರೇ, ಅವರು ನಮ್ಮ ಕಾಕಾ! ಮೊದಲ ಸಲ ನಿಲ್ಲಿಸಿದ್ದಕ್ಕೆ ಕಾರಣ ಒಬ್ಬ ಸಿಪಾಯಿಯ ಬೂಟಿನ ಲೇಸು. ಎರಡನೆಯ ಸಲದ ಕಾರಣ ಅದೇ ಸಿಪಾಯಿಯ ಇನ್ನೊಂದು ಬೂಟಿನ ಲೇಸು. ಅದು ಸಿನಿಮಾದ ಯುದ್ಧ ಎಂಬುದು ನಿಜ. ಆದರೆ ಕಾಕಾನ ಎದುರಿಗೆ ‘ಸಿನಿಮಾದ ಯುದ್ಧ’ ಎಂದು ಹಗುರವಾಗಿ ಅಂದು ನೋಡಿ, ನಿಮ್ಮ ಬೂಟಿನ ಲೇಸೂ ತಪಾಸಣೆಯಾಗುತ್ತದೆ.

ಕಾಕಾ ಅಂದರೆ ನಮ್ಮಪ್ಪನ ತಮ್ಮ. ಹದಿನೆಂಟನೆಯ ವಯಸ್ಸಿಗೆ ‘ಸೋಲಾಪುರಕ್ಕ ಹೋಗಿ ಬರ್ತೇನಿ’ ಎಂದು ಮನೆಯಲ್ಲಿ ಹೇಳಿ ಆಳಂದದಲ್ಲಿ ಬಸ್ಸು ಹತ್ತಿದವರು, ಸಿಪಾಯಿಯಾಗಿ ಸೇರಿ, ಒಂದೊಂದೇ ಮೆಟ್ಟಿಲು ಏರಿ, ಕ್ಯಾಪ್ಟನ್ ಆಗಿ ನಿವೃತ್ತರಾಗಿ ಅದೇ ಬಸ್‌ಸ್ಟ್ಯಾಂಡಿನಲ್ಲಿ ಇಳಿದರು. ಇಳಿದವರೇ ಮೊದಲು ಮಾಡಿದ ಕೆಲಸವೆಂದರೆ, ಓರೆಕೋರೆಯಾಗಿ ನಿಂತಿದ್ದ ಟಾಂಗಾಗಳನ್ನು ಒಂದೇ ಸಾಲಿನಲ್ಲಿ ನಿಲ್ಲಿಸಿದ್ದು. ಟಾಂಗಾದವರು ಹೆದರಿ ನಿಲ್ಲಿಸಿದರಂತೆ. ಕುದುರೆಗಳು ಮಾತ್ರ ಮಾತು ಕೇಳಲಿಲ್ಲವೆಂದು ಕಾಕಾನಿಗೆ ಇವತ್ತಿಗೂ ಬೇಜಾರು.

ನಾನು ಹೇಳುತ್ತಿರುವುದು ಎಂಬತ್ತರ ದಶಕದ ನಡುವಿನ ಮಾತು. ನಾನು ಆಗ ಆಳಂದದ ಒಂದು ಶಾಲೆಯಲ್ಲಿ ಟೀಚರು, ಕಾಕಾನ ಮನೆಯಲ್ಲೇ ವಾಸ. ಮುಂಜಾನೆ ಐದಕ್ಕೆ ಮನೆಯಲ್ಲಿ ಕಾಕಾನ ಸೀಟಿ ಕೇಳುತ್ತಿತ್ತು. ಉಪ್ಪಿನಕಾಯಿ ಬರಣಿಗಳು ಎತ್ತರದ ಪ್ರಕಾರ ನಿಲ್ಲುತ್ತಿದ್ದವು. ಒಂದು ದಿನ ಕಾಕಾ ಅಡುಗೆಮನೆಗೆ ಬಂದು, ಬುಟ್ಟಿಯಲ್ಲಿದ್ದ ಜೋಳದ ರೊಟ್ಟಿಗಳನ್ನು ಒಂದರ ಮೇಲೊಂದು ಇಟ್ಟು, ‘ಇವು ಒಂದೇ ಅಳತಿ ಇಲ್ಲಲ್ಲ’ ಎಂದು ಹುಬ್ಬು ಗಂಟಿಕ್ಕಿದರು. ಕಾಕು, ಅಂದರೆ ಕಾಕಾನ ಹೆಂಡತಿ, ತಟ್ಟುತ್ತಿದ್ದ ಹಿಟ್ಟು ಬಿಟ್ಟು ತಲೆಯೆತ್ತಿದರು.

“ಫೌಜಿನ್ಯಾಗ ನಿಮ್ಮ ಕೈ ಕೆಳಗ ನೂರಾ ಇಪ್ಪತ್ತ ಮಂದಿ ಇದ್ರಲ್ರಿ?”

“ಹೌದು!” ಎಂದರು ಕಾಕಾ, ಎದೆಯುಬ್ಬಿಸಿ.

“ಇಲ್ಲಿ ನನ್ನ ಕೈ ಕೆಳಗ ನೀವೊಬ್ರೇ ಇದ್ದೀರಿ. ಹೋಗಿ ಎರಡ ಕೊಡ ನೀರ್ ತರ್ರಿ.”

ಕಾಕಾ ಕೊಡ ಎತ್ತಿಕೊಂಡು ಹೊರಟರು. ಮೇಲಿನವರ ಹುಕುಂ ಮೀರುವ ಮನುಷ್ಯ ಅವರಲ್ಲ.

ಕಾಕಾನಿಗೆ ಬೀಡಿ ಇಲ್ಲ, ಎಲೆ ಅಡಿಕೆ ಇಲ್ಲ. ಇದ್ದ ಚಟ ಒಂದೇ, ಯುದ್ಧದ ಸಿನಿಮಾ. ಉಳಿದವರು ಸಿನಿಮಾಕ್ಕೆ ಹೋಗುವುದು ನೋಡುವುದಕ್ಕೆ, ಇವರು ಹೋಗುವುದು ಬೈಯುವುದಕ್ಕೆ! ಪರದೆಯ ಮೇಲೆ ನಾಯಕ ಬಂದೂಕು ಎತ್ತಿದ ಕೂಡಲೇ ಕಾಕಾ ಗಟ್ಟಿಯಾಗಿ ಎಣಿಸಲು ಶುರು ಮಾಡುತ್ತಿದ್ದರು. “ಒಂದ್! ಎರಡ್! ಮೂರ್!” ಹತ್ತಕ್ಕೆ ಬಂದಾಗ ಎದ್ದು ನಿಂತು, “ಖಾಲಿ ಆತಲೇ! ಗುಂಡ್ ತುಂಬೋ ಬೇಕೂಫ್!” ಎನ್ನುತ್ತಿದ್ದರು. ನಾಯಕ ತುಂಬುತ್ತಿರಲಿಲ್ಲ. ಹೊಡೆಯುತ್ತಲೇ ಇರುತ್ತಿದ್ದ. ಬರಬರುತ್ತ ಬೆಂಚಿನವರು, ನೆಲದ ಮೇಲೆ ಕೂತವರು, ಹೆಂಗಸರ ಕಡೆಯವರು ಎಲ್ಲರೂ ಕಾಕಾನ ಜೊತೆ ಎಣಿಸತೊಡಗಿದರು. ಒಂದು ಸಿನಿಮಾದಲ್ಲಿ ಒಂದೇ ಬಂದೂಕಿನಿಂದ ತುಂಬದೆ ಹೊಡೆದ ಗುಂಡು ಎಂಬತ್ತೇಳಾಯಿತು! ಟಾಕೀಸಿನ ಮಾಲಕ ಕೈಮುಗಿದು ಬಂದ.

“ಕ್ಯಾಪ್ಟನ್ ಸಾಹೇಬ್ರ, ಮಂದಿ ಡೈಲಾಗ್ ಕೇಳವಲ್ರು, ಬರೇ ಲೆಕ್ಕ ಹಾಕಾಕತ್ತಾರ. ನಿಮ್ಮ ಕಾಲ್ ಬೀಳ್ತೇನಿ, ಮನಸಿನ್ಯಾಗ ಎಣಸ್ರಿ.”

ಇದೆಲ್ಲ ನಗುವ ಮಾತು. ಕಾಕಾ ಕೂಡ ನಗುತ್ತಿದ್ದರು. ಅವರು ನಗದೇ ಇರುತ್ತಿದ್ದದ್ದು ಒಂದೇ ಜಾಗದಲ್ಲಿ. ನಾಯಕನಿಗೆ ಎದೆಗೆ ಗುಂಡು ತಗುಲುತ್ತಿತ್ತು. ಗೆಳೆಯನ ತೊಡೆಯ ಮೇಲೆ ತಲೆಯಿಟ್ಟು ತಾಯಿಗೊಂದು, ತಾಯ್ನಾಡಿಗೊಂದು, ಹುಡುಗಿಗೊಂದು, ಕೊನೆಗೆ ಮನೆಯ ಎತ್ತಿಗೂ ಒಂದು ಸಂದೇಶ ಹೇಳಲು ಕೂಡುತ್ತಿದ್ದ. ಆಗ ಕಾಕಾ ಎದ್ದು ಹೊರಗೆ ಹೋಗಿ, ಚಾ ಕುಡಿದು, ಚಾ ಅಂಗಡಿಯವನ ಮಗಳ ಲಗ್ನದ ವಿಚಾರ ವಿಚಾರಿಸಿ, ತಿರುಗಿ ಬಂದು, “ಇನ್ನೂ ಸತ್ತಿಲ್ಲೇನು?” ಎಂದು ಕೇಳುತ್ತಿದ್ದರು. ಜನ ಬಿದ್ದು ಬಿದ್ದು ನಗುತ್ತಿದ್ದರು. ಆದರೆ ಮನೆಯ ದಾರಿಯಲ್ಲಿ ಅವರ ಮುಖ ನೋಡಿದರೆ ನನಗೆ ನಗು ಬರುತ್ತಿರಲಿಲ್ಲ.

“ಟೊಪ್ಪಿಗಿ ತಪ್ಪಿರ್ಲಿ ಬೇ, ಮಾಫ್ ಮಾಡ್ತೇನಿ. ಕೂದ್ಲಾ, ಬೂಟಾ, ಬಂದೂಕಾ, ಎಲ್ಲಾ ಮಾಫ್. ಸಾಯೋದೊಂದರೆ ಖರೇ ತೋರಸ್ಬೇಕಿಲ್ಲೋ? ಸಾಯಾಕತ್ತಾಂವ ಮಾತಾಡಂಗಿಲ್ಲ. ಯಾರರೆ ಒಬ್ಬ ನಿರ್ದೇಶಕ ಒಂದ್ ಸಲ, ಒಂದೇ ಸಲ, ಅದನ್ನ ಇದ್ದಂಗ ತೋರಿಸಿದ್ನಂದ್ರ ನಾ ಸಿನಿಮಾ ಬೈಯೋದ್ ಬಿಡ್ತೇನಿ.”

ಅದು ಕಾಕಾನ ಜೀವನದ ಒಂದೇ ಆಸೆ ಎಂದು ನನಗೆ ಆಗ ಗೊತ್ತಾಯಿತು. ನೋಡಿ, ಎಲ್ಲರಿಗೂ ಏನೇನೋ ಆಸೆ ಇರುತ್ತದೆ, ಮನೆ ಕಟ್ಟಬೇಕು, ಕಾಶಿಗೆ ಹೋಗಬೇಕು. ಇವರಿಗೆ ಒಬ್ಬ ನಾಯಕ ಬಾಯಿ ಮುಚ್ಚಿಕೊಂಡು ಸಾಯಬೇಕು!

ಅಂಥಾದ್ದರಲ್ಲಿ ನಮ್ಮೂರ ದಾಲ್ ಮಿಲ್ಲಿನ ಸಾವ್ಕಾರರಿಗೆ ಏನು ಹೊಕ್ಕಿತೋ ಏನೋ, ಯುದ್ಧದ ಸಿನಿಮಾ ತೆಗೆಯುತ್ತೇನೆಂದು ಎದ್ದು ನಿಂತರು. ತೊಗರಿಬೇಳೆಗೂ ಸಿನಿಮಾಕ್ಕೂ ಏನು ಸಂಬಂಧ ಎಂದು ಕೇಳಬೇಡಿ. ಬೆಂಗಳೂರಿನಿಂದ ಒಬ್ಬ ನಿರ್ದೇಶಕರನ್ನು, ಒಬ್ಬ ನಾಯಕನನ್ನು ಕರೆಸಿದರು. ಗಡಿ ಎಲ್ಲಿ? ಕಾಶ್ಮೀರಕ್ಕೆ ಹೋಗುವುದು ಯಾಕೆ, ಅಫಜಲಪುರ ತಾಲೂಕಿನಲ್ಲೇ ಭೀಮಾ ನದಿಯ ದಂಡೆ ಇರುವಾಗ? ಘತ್ತರಗಿಯ ಹತ್ತಿರ ಉಸುಕಿನ ಹಾಸು ಅಗಲವಾಗಿತ್ತು. ಈ ದಂಡೆ ನಮ್ಮ ದೇಶ, ಆ ದಂಡೆ ವೈರಿಯ ದೇಶ ಎಂದು ತೀರ್ಮಾನವಾಯಿತು. ಆ ದಂಡೆಯ ಊರಿನವರು ಸಿಟ್ಟಾದರು, ಅದು ಬೇರೆ ಮಾತು.

ನಿರ್ದೇಶಕರು ಕಾಕಾನನ್ನು ಕಾಣಲು ಮನೆಗೆ ಬಂದರು. ತೆಳ್ಳಗಿನ, ಒಳ್ಳೆಯ ಮನುಷ್ಯ. ಕಾಕು ಅವಲಕ್ಕಿ ಚೂಡಾ, ಚಾ ಕೊಟ್ಟರು.

“ಸಾರ್, ಆರ್ಮಿ ವಿಷಯ ನಮಗೆ ಏನೂ ಗೊತ್ತಿಲ್ಲ. ನೀವು ಸುಮ್ನೆ ಜೊತೇಲಿ ಇದ್ರೆ ಸಾಕು ಸಾರ್” ಎಂದರು.

ಅಯ್ಯೋ ಪಾಪ! ನಮ್ಮ ಕಾಕಾನಿಗೆ ಎಲ್ಲವೂ ಬರುತ್ತದೆ, ಸುಮ್ಮನೆ ಇರುವುದೊಂದು ಬಿಟ್ಟು.

“ನನಗ ಏನೂ ಬ್ಯಾಡ್ರಿ” ಎಂದರು ಕಾಕಾ. “ಒಂದೇ ಶರ್ತ. ಕಡೀಕ ನಿಮ್ಮ ಹೀರೋ ಸಾಯ್ತಾನಲ್ರಿ, ಸುಮ್ಮ್ ಸಾಯ್ಬೇಕು. ಒಂದ್ ಅಕ್ಷರ ಮಾತಾಡಬಾರ್ದು.”

“ಆಯ್ತು ಸಾರ್” ಎಂದರು ನಿರ್ದೇಶಕರು. ಬಾಯಲ್ಲಿ ಚೂಡಾ ಇತ್ತು. ಸಿನಿಮಾದವರು ‘ಆಯ್ತು’ ಅನ್ನುವುದೂ ನಮ್ಮೂರ ದರ್ಜಿ ‘ನಾಳಿಗಿ ಕೊಡ್ತೇನಿ’ ಅನ್ನುವುದೂ ಒಂದೇ ಎಂದು ಕಾಕಾನಿಗೆ ಹೇಗೆ ಗೊತ್ತಾಗಬೇಕು? ಅವರು ಎದ್ದು ನಿಂತು ಕೈಕುಲುಕಿದರು.

ತೊಗರಿ ರಾಶಿ ಮುಗಿದಿತ್ತು. ಶಿವರಾತ್ರಿ ಹತ್ತಿರ ಬಂದಿತ್ತು. ನಾವು ಘತ್ತರಗಿಯಲ್ಲಿ ಬೀಗರ ಮನೆಯಲ್ಲಿ ಬಿಡಾರ ಹೂಡಿದೆವು. ನಾನು ರಜೆ ಹಾಕಿ ಹೋಗಿದ್ದು ಕಾಕುವಿನ ಒತ್ತಾಯಕ್ಕೆ. “ನೀನೂ ಬಾರವಾ. ಇವರು ಸಿಟ್ಟಿನ್ಯಾಗ ಯಾರಿಗರೆ ಖರೇ ಗುಂಡ್ ಹಾಕಿದ್ರ ಹಿಡಿಯಾಕ ಇಬ್ಬರರೆ ಬೇಕು” ಎಂದಿದ್ದರು.

ಸಿಪಾಯಿಗಳಾಗಿ ಅಫಜಲಪುರದ ಕಡೆಯ ಇಪ್ಪತ್ತು, ಜೇವರ್ಗಿಯ ಕಡೆಯ ಇಪ್ಪತ್ತು ಮಂದಿ ರೈತರು ಬಂದಿದ್ದರು. ಕಾಕಾ ಅವರಿಗೆ ವಾರಗಟ್ಟಲೆ ಕವಾಯತು ಮಾಡಿಸಿದರು. ‘ಸಾವಧಾನ್’, ‘ವಿಶ್ರಾಮ್’, ‘ತೇಜ್ ಚಲ್’, ‘ಥಮ್’! ನೇಗಿಲ ಹಿಂದೆ ನಡೆದು ರೂಢಿಯಾದ ಕಾಲುಗಳು ಅಂತೂ ಇಂತೂ ಒಂದೇ ತಾಳಕ್ಕೆ ಬಿದ್ದವು. ಕಾಕಾ ಎಷ್ಟು ಚೆನ್ನಾಗಿ ಕಲಿಸಿದರೆಂದರೆ, ಶೂಟಿಂಗಿನ ಮೊದಲ ದಿನ ನಿರ್ದೇಶಕರು ‘ಕಟ್! ಕಟ್!’ ಎಂದು ಕೂಗಿದರೂ ಯಾರೂ ನಿಲ್ಲಲಿಲ್ಲ. ನಲವತ್ತು ಮಂದಿಯೂ ಉಸುಕಿನಲ್ಲಿ ತೆವಳುತ್ತಲೇ ಹೋದರು. ಮುಂದಿನವನ ಗದ್ದ ನೀರಿಗೆ ತಾಗಿತು. ಆಗಲೂ ನಿಲ್ಲಲಿಲ್ಲ.

“ಯಾಕ್ರೀ ನಿಲ್ಲಲ್ಲ?” ಎಂದು ನಿರ್ದೇಶಕರು ಅಳುವಂತಾದರು.

ನೀರಿನಿಂದ ಒಂದು ತಲೆ ಎದ್ದಿತು. “ಕ್ಯಾಪ್ಟನ್ ಸಾಹೇಬ್ರು ‘ಥಮ್’ ಅಂದಿಲ್ರಿ!”

ಕಾಕಾ ಹೆಮ್ಮೆಯಿಂದ ಇನ್ನೊಂದು ನಿಮಿಷ ನೋಡಿ, ಆಮೇಲೆ ‘ಥಮ್’ ಅಂದರು.

ನಾಯಕನದು ಇನ್ನೊಂದು ಕತೆ. ಅವನ ಕೂದಲು ಕಿವಿ ಮುಚ್ಚಿ ಕಾಲರಿನ ತನಕ ಇಳಿದಿತ್ತು. ಕಾಕಾ ಹಜಾಮನನ್ನು ಕರೆದುಕೊಂಡೇ ಬಂದರು.

“ಇಷ್ಟ ಕೂದ್ಲ ಇದ್ರ ವೈರಿ ಗುಂಡ್ ಹಾಕಂಗಿಲ್ಲಪಾ, ಹೂ ಮುಡಸ್ತಾನ!”

“ನನ್ನ ಕೂದಲು ಮುಟ್ಟಿದ್ರೆ ನಾನು ಈಗಲೇ ಬೆಂಗಳೂರು ಬಸ್ ಹತ್ತುತೀನಿ” ಎಂದ ನಾಯಕ. ಎರಡು ತಾಸು ಸಂಧಾನ ನಡೆಯಿತು. ಕೊನೆಗೆ ಕಾಕು ಬಂದು, ತಮ್ಮ ತುರುಬಿನಿಂದ ಆರು ಪಿನ್ನು ತೆಗೆದು, ಅವನ ಕೂದಲನ್ನು ಮೇಲಕ್ಕೆ ಕಟ್ಟಿ ಟೊಪ್ಪಿಗೆಯೊಳಗೆ ತುರುಕಿದರು. ಆ ಸಿನಿಮಾದಲ್ಲಿ ದೇಶದ ಗಡಿ ಕಾದದ್ದು ಯಾರೆಂದು ನನ್ನನ್ನು ಕೇಳಿದರೆ, ಕಾಕುವಿನ ಆರು ಪಿನ್ನುಗಳು ಎಂದೇ ಹೇಳುತ್ತೇನೆ.

ಟ್ಯಾಂಕು ಒಂದು ಬೇಕಾಗಿತ್ತು. ಟ್ರಾಕ್ಟರಿಗೆ ಸುತ್ತಲೂ ತೆಳು ಹಲಗೆ ಬಡಿದು, ಹಸಿರು ಬಣ್ಣ ಬಳಿದು, ಮುಂದೊಂದು ಬೋರ್‌ವೆಲ್ಲಿನ ಪೈಪು ಸಿಕ್ಕಿಸಿ ನಿಲ್ಲಿಸಿದ್ದರು. ಅಂದು ಅಮಾವಾಸ್ಯೆ. ಊರ ದೇವಿ ಭಾಗ್ಯವಂತಿಯ ದರ್ಶನಕ್ಕೆಂದು ನದಿಯಲ್ಲಿ ಮಿಂದು ಬರುತ್ತಿದ್ದ ಭಕ್ತರು ಈ ಹಸಿರು ಗಾಡಿಯನ್ನು ಕಂಡರು. ಹೊಸ ಗಾಡಿ ಕಂಡ ಮೇಲೆ ನಮ್ಮ ಕಡೆಯವರು ಸುಮ್ಮನೆ ಹೋಗುತ್ತಾರೆಯೇ? ಒಬ್ಬ ಹೆಣ್ಣುಮಗಳು ಅರಿಶಿನದ ಭಂಡಾರ ಹಚ್ಚಿದಳು. ಇನ್ನೊಬ್ಬಳು ಕುಂಕುಮ ಇಟ್ಟಳು. ಕಾಯಿ ಒಡೆದರು, ಪೈಪಿಗೆ ಹೂವಿನ ಹಾರ ಹಾಕಿದರು. ನಾವು ಊಟ ಮುಗಿಸಿ ಬರುವಷ್ಟರಲ್ಲಿ ಟ್ಯಾಂಕು ಪೂರ್ತಿ ಹಳದಿಯಾಗಿ, ಹಾರ ಹಾಕಿಕೊಂಡು, ಊದಿನಕಡ್ಡಿಯ ಹೊಗೆಯಲ್ಲಿ ನಿಂತಿತ್ತು! ನಿರ್ದೇಶಕರು ತಲೆ ಹಿಡಿದು ಕೂತರು. ಕಾಕಾ ಸುತ್ತು ಹಾಕಿ ನೋಡಿ ಗಂಭೀರವಾಗಿ ಹೇಳಿದರು.

“ಪೂಜಾ ಬರೋಬರ್ ಅದರಿ. ಖರೇ ಫೌಜಿನ್ಯಾಗೂ ಟ್ಯಾಂಕಿಗಿ ಕಾಯಿ ಒಡೀತಾರ. ಆದ್ರ ನಿಮ್ಮ ಪೈಪ್ ನಮ್ಮ ದೇಶದ ಕಡಿ ಮಾರಿ ಮಾಡ್ಯದ, ಅದನ್ನ ಮೊದ್ಲ ತಿರಗಿಸ್ರಿ.”

ಆದರೆ ಕಾಕಾನ ಎಲ್ಲ ಕವಾಯತು ನೀರುಪಾಲಾದದ್ದು ದೊಡ್ಡ ಕಾಳಗದ ದಿನ. ಪಟಾಕಿ ಸಿಡಿಯುತ್ತಿತ್ತು, ಹೊಗೆ ಎದ್ದಿತ್ತು. ನಮ್ಮ ಸಿಪಾಯಿಗಳು ವೈರಿಗಳ ಮೇಲೆ ಬಿದ್ದಿದ್ದರು. ವೈರಿಗಳ ಪಾತ್ರ ಒಂದು ದಿನ ಅಫಜಲಪುರದವರಿಗೆ, ಒಂದು ದಿನ ಜೇವರ್ಗಿಯವರಿಗೆ ಎಂದು ಕಾಕಾ ಪಾಳಿ ಹಚ್ಚಿದ್ದರು. ಅಂದು ಜೇವರ್ಗಿಯವರ ಪಾಳಿ. ಏಳೆಂಟು ಹೆಣಗಳು ಆಗಲೇ ಬಿದ್ದಿದ್ದವು. ನಿರ್ದೇಶಕರು ಖುಷಿಯಿಂದ ಒಂದೇ ಕಾಲಿನ ಮೇಲೆ ನಿಂತಿದ್ದರು. ಅಷ್ಟರಲ್ಲಿ ದಂಡೆಯ ಮೇಲೆ ಸಾವ್ಕಾರರ ಜೀಪು ಬಂದು ನಿಂತಿತು. ಸಾವ್ಕಾರರು ಧೋತರದ ಚುಂಗು ಹಿಡಿದು ಇಳಿದರು. ಆಳಂದ, ಅಫಜಲಪುರ, ಜೇವರ್ಗಿ ಮೂರೂ ತಾಲೂಕಿನ ತೊಗರಿ ಬಂದು ಬೀಳುವುದು ಅವರ ಅಂಗಳಕ್ಕೆ. ಅಂಥವರು ಬಂದಾಗ ಬಿದ್ದುಕೊಂಡಿರಲು ಬರುತ್ತದೆಯೇ? ಮೊದಲು ನಮ್ಮ ಕಡೆಯ ಗುಂಡಿಯಲ್ಲಿದ್ದವರು ಎದ್ದರು. ಟೊಪ್ಪಿಗೆ ತೆಗೆದು ಬಗಲಲ್ಲಿ ಇಟ್ಟು ಕೈಮುಗಿದರು. ಅವರನ್ನು ಕಂಡು ವೈರಿಗಳೂ ಬಂದೂಕು ಕೆಳಗಿಟ್ಟು ಕೈಮುಗಿದರು. ಕೊನೆಗೆ ಹೆಣಗಳೂ ಒಂದೊಂದಾಗಿ ಎದ್ದು ಉಸುಕು ಝಾಡಿಸಿಕೊಂಡವು.

“ಶರಣ್ರೀ ಸಾವ್ಕಾರ್ರ!”

ಎರಡು ದೇಶಗಳ ಸೈನ್ಯ ಒಂದೇ ದನಿಯಲ್ಲಿ ಹೀಗೆ ಅಂದದ್ದನ್ನು ನಾನು ಕಣ್ಣಾರೆ ಕಂಡೆ. ಸಾವ್ಕಾರರು ಎಲ್ಲರಿಗೂ ತಿರುಗಿ ಶರಣು ಹೇಳಿ, “ಯಾಕ್ರೀ, ಕೆಲಸ ನಿಲ್ಲಿಸಿ ಕುಂತೀರಲ್ಲ?” ಎಂದು ನಿರ್ದೇಶಕರನ್ನು ಗದರಿಸಿದರು!

ಹೀಗೆ ನಗುನಗುತ್ತ ನಡೆದಿದ್ದ ಯುದ್ಧ, ನಾಯಕ ಸಾಯುವ ದೃಶ್ಯಕ್ಕೆ ಬಂದಾಗ ನಿಜವಾದ ಜಗಳವಾಯಿತು. ಸಂಭಾಷಣೆ ಬರೆಯುವವರು ಎರಡು ಪುಟ ತುಂಬ ಬರೆದು ತಂದಿದ್ದರು. ನಾಯಕ ಅದನ್ನು ಬಾಯಿಪಾಠ ಮಾಡುತ್ತ ಉಸುಕಿನಲ್ಲಿ ಅಡ್ಡಾಡುತ್ತಿದ್ದ. ಕಾಕಾ ಕೇಳಿಸಿಕೊಂಡು ನಿರ್ದೇಶಕರ ಹತ್ತಿರ ಹೋದರು.

“ಮಾತ್ ಕೊಟ್ಟಿದ್ರಿ ನೀವು.”

“ಸಾರ್, ಅರ್ಥ ಮಾಡ್ಕೊಳ್ಳಿ. ಜನ ಅಳಬೇಕಲ್ಲ? ಹೀರೋ ಸುಮ್ನೆ ಸತ್ರೆ ಏನು ಚೆನ್ನಾಗಿರುತ್ತೆ?”

“ಚಂದ ಇರಂಗಿಲ್ಲ. ಚಂದ ಇರಂಗಿಲ್ಲ ಅಂತೇ ತೋರಸ್ರಿ ಅನ್ನಾಕತ್ತೇನಿ!”

ಎರಡು ದಿನ ಶೂಟಿಂಗು ನಿಂತಿತು. ಕಾಕಾ ಟ್ರಂಕು ಕಟ್ಟಿ ಬಸ್ಸಿಗೆ ಹೊರಟರು. ನಲವತ್ತು ಮಂದಿ ಸಿಪಾಯಿಗಳು, ನಾವೂ ಅವರ ಹಿಂದೆ ಹೊರಡುತ್ತೇವೆಂದು ಬಗಲಲ್ಲಿ ಗಂಟು ಇಟ್ಟುಕೊಂಡು ನಿಂತರು. ಸೈನ್ಯವೇ ಹೋದ ಮೇಲೆ ಯುದ್ಧ ಹೇಗೆ? ನಿರ್ದೇಶಕರು ಸೋತು, “ಸರಿ ಸಾರ್. ಸುಮ್ನೆ ಸಾಯೋದು ಅಂದ್ರೆ ಹೇಗೆ, ನೀವೇ ತೋರಿಸಿ” ಎಂದರು.

ಕಾಕಾ ಚಪ್ಪಲಿ ಬಿಟ್ಟು ಉಸುಕಿಗೆ ಇಳಿದರು. ಎರಡು ಹೆಜ್ಜೆ ಓಡಿದಂತೆ ಮಾಡಿ ಬಲಕ್ಕೆ ಬಿದ್ದರು. ಎಡಗೈ ಒಂದು ಮುಷ್ಟಿ ಉಸುಕು ಹಿಡಿಯಿತು. ನೀರು ಕೇಳುವವರಂತೆ ತುಟಿ ಎರಡು ಸಲ ತೆರೆಯಿತು, ದನಿ ಬರಲಿಲ್ಲ. ಕಣ್ಣು ಯಾರನ್ನೋ ಹುಡುಕಿ, ಹುಡುಕಿ, ಒಂದು ಕಡೆ ನಿಂತಿತು. ಮುಷ್ಟಿ ಸಡಿಲವಾಯಿತು. ಅಷ್ಟೇ.

ಕಾಕು ನನ್ನ ರಟ್ಟೆ ಹಿಡಿದಿದ್ದರು. “ಏಳಂತ ಹೇಳವಾ ಅವರಿಗಿ. ಜಲ್ದಿ ಹೇಳು” ಎಂದರು.

ಕಾಕಾ ಎದ್ದು ಧೂಳು ಕೊಡವಿಕೊಂಡು, “ಹಿಂಗ” ಎಂದರು. ಸಂಭಾಷಣೆಕಾರರು ಎರಡು ಪುಟವನ್ನು ಮಡಚಿ ಕಿಸೆಯಲ್ಲಿಟ್ಟುಕೊಂಡರು. ನಾಯಕ, ಆ ಜಂಬದ ನಾಯಕ, ಕಾಕಾನ ಹತ್ತಿರ ಬಂದು “ಇನ್ನೊಂದು ಸಲ ಕೈ ಹೇಗೆ ಇಟ್ಟಿರಿ ತೋರಿಸ್ತೀರಾ ಸಾರ್?” ಎಂದು ಕೇಳಿದ. ಅಂದು ಕಾಕಾ ನಾಲ್ಕು ರೊಟ್ಟಿ ಊಟ ಮಾಡಿದರು. ಅವುಗಳ ಅಳತೆ ನೋಡಲಿಲ್ಲ. ಅವರು ಅಷ್ಟು ಸಂತೋಷವಾಗಿದ್ದದ್ದನ್ನು ನಾನು ಮೊದಲು ಕಂಡಿರಲಿಲ್ಲ.

ಮರುದಿನ ಮುಂಜಾನೆ ಎಲ್ಲ ಸಿದ್ಧವಾಗಿತ್ತು. ಆಗ ದಂಡೆಯಿಂದ ಒಬ್ಬ ಮುದುಕಿ ಮಗಳ ಕೈ ಹಿಡಿದು ಇಳಿದು ಬಂದಳು. ಕೊಳಕೂರದ ಆಯಿ! ಜೇವರ್ಗಿ ತಾಲೂಕಿನ ಕೊಳಕೂರ. ಆಯಿಯ ಒಬ್ಬನೇ ಮಗ ಕಾಕಾನ ತುಕಡಿಯಲ್ಲಿ ಸಿ‍ಪಾಯಿಯಾಗಿದ್ದ. ಎಪ್ಪತ್ತೊಂದರ ಯುದ್ಧದಿಂದ ಅವನು ತಿರುಗಿ ಬರಲಿಲ್ಲ. ಅವನ ಟ್ರಂಕು ಹೊತ್ತು ಆಯಿಯ ಮನೆಗೆ ಹೋಗಿ, ಅವನು ಹೇಗೆ ಹೋದನೆಂದು ಹೇಳಿ ಬಂದವರು ಕಾಕಾ. ಆಮೇಲೆ ಪ್ರತಿ ವರ್ಷ ಹೋಗಿ, ಎರಡು ದಿನ ಇದ್ದು, ಸೋರುವ ಮಾಳಿಗೆಗೆ ಮಣ್ಣು ಹಾಕಿಸುವುದಿದ್ದರೆ ಹಾಕಿಸಿ ಬರುತ್ತಿದ್ದರು. ಇಷ್ಟು ನನಗೆ ಗೊತ್ತಿತ್ತು. ಕಾಕಾ ಅವನ ಬಗ್ಗೆ ಇದಕ್ಕಿಂತ ಹೆಚ್ಚು ಎಂದೂ ಮಾತಾಡಿರಲಿಲ್ಲ.

“ಯಪ್ಪಾ, ನೀ ಪಿಚ್ಚರ್ ತಗಸಾಕತ್ತೀ ಅಂತ ಜೇವರ್ಗಿ ಸಂತ್ಯಾಗ ಸುದ್ದಿ” ಎಂದಳು ಆಯಿ. “ಒಬ್ಬ ಸಿಪಾಯಿ ಗಡಿ ಮ್ಯಾಲ ಸಾಯ್ತಾನಂತಲ್ಲ, ಅದು ಇವತ್ತೇ ಅಂತ. ನನ್ನ ಮಗಾ ಹ್ಯಾಂಗ ಹೋದ ಅಂತ ನೀ ಬಾಯ್ಲೆ ಹೇಳಿದ್ದಿ. ನೀನೇ ಮಾಡಸಾಕತ್ತಿ ಅಂದ್ಮ್ಯಾಲ ಹಂಗೇ ಇರ್ತದ. ಒಂದ್ ಸಲ ಕಣ್ಲೆ ನೋಡ್ತೇನಿ.”

ಕಾಕಾ ತಾವೇ ಕಂಬಳಿ ಹಾಸಿ ಆಯಿಯನ್ನು ಕೂಡಿಸಿದರು. ಆಯಿ ನನಗೂ ಕಾಕುವಿಗೂ ಹೇಳತೊಡಗಿದಳು. ಎಷ್ಟು ಸಲ ಹೇಳಿದ್ದಳೋ, ಒಂದು ಮಾತೂ ತಡವರಿಸಲಿಲ್ಲ.

“ತಲಿ ಇವನ ತೊಡಿ ಮ್ಯಾಲ ಇತ್ತಂತವಾ. ನೋವ ಇದ್ದಿಲ್ಲಂತ. ‘ನಮ್ಮವ್ವಗ ಹೇಳ್ರಿ, ನನ್ನ ಪಾಲಿನ ಸೀತನಿ ತಗದಿಡು ಅಂತ. ಅಳಬ್ಯಾಡ ಅಂತ ಹೇಳ್ರಿ’ ಅಂದು ನಕ್ಕನಂತ. ಜ್ವಾಳ ತೆನಿ ಹಾಲ್ಗಾಳ ಆದಾಗಿನ ದಿನ ಅವು. ಆ ಎಳೀ ತೆನಿ ಸುಟ್ಟ ಸೀತನಿ ಅಂದ್ರ ಜೀವ ಬಿಡ್ತಿದ್ದ. ಈಗೂ ವರ್ಷಾ ಅವನ ಪಾಲ ತಗದಿಟ್ಟು ಇವಗ ಕೊಡ್ತೇನಿ, ಇಂವ ತಿಂತಾನ. ಆ ಒಂದ್ ಮಾತಿನ ಮ್ಯಾಲೇ ನಾ ಬದಕೇನಿ ನೋಡವಾ.”

ನಾನು ಕಾಕಾನ ಕಡೆ ನೋಡಿದೆ. ಹಿಂದಿನ ದಿನ ಉಸುಕಿನಲ್ಲಿ ಬಿದ್ದ ಮನುಷ್ಯನ ತುಟಿ ನನ್ನ ಕಣ್ಣ ಮುಂದಿತ್ತು. ಅದು ಒಂದು ಮಾತೂ ಆಡಿರಲಿಲ್ಲ.

ನಾಯಕ ತನ್ನ ಜಾಗದಲ್ಲಿ ಬಿದ್ದಿದ್ದ, ಎಡಗೈ ಉಸುಕಿನ ಮೇಲೆ, ಕಾಕಾ ಕಲಿಸಿದ ಹಾಗೆ. “ರೆಡೀ” ಎಂದರು ನಿರ್ದೇಶಕರು.

“ತಡೀರಿ!” ಎಂದರು ಕಾಕಾ.

ನಿರ್ದೇಶಕರು ಮತ್ತೆ ಯಾವ ಲೇಸು ಬಿಚ್ಚಿದೆಯೋ ಎಂಬಂತೆ ನಾಯಕನ ಕಾಲು ನೋಡಿದರು. ಕಾಕಾ ಹತ್ತಿರ ಹೋಗಿ ದನಿ ತಗ್ಗಿಸಿ, “ಇಂವ ಮಾತಾಡ್ಲಿ. ನಾ ಹೇಳ್ತೇನಿ, ಬರಕೋರಿ” ಎಂದರು.

“ಸಾರ್! ಎರಡು ದಿನ ನನ್ನ ಪ್ರಾಣ ತೆಗೆದ್ರಲ್ಲ, ಸಾಯೋರು ಮಾತಾಡಲ್ಲ ಅಂತ?”

“ಕೆಲವ್ರು ಮಾತಾಡ್ತಾರ್ರಿ.”

“ನಿನ್ನೆ ನೀವು ತೋರಿಸಿದ್ದು? ಅದು ಎಂಥಾ ಸೀನ್ ಸಾರ್, ಅದನ್ನ ಬಿಡೋಕೆ ಆಗುತ್ತಾ?”

“ನಿನ್ನಿದ್ದು ಮರತುಬಿಡ್ರಿ” ಎಂದು ಕಾಕಾ ಎರಡೂ ಕೈ ಮುಗಿದರು. ಅವರು ಸೆಲ್ಯೂಟ್ ಹೊಡೆದದ್ದನ್ನು ಸಾವಿರ ಸಲ ನೋಡಿದ್ದೆ, ಹೀಗೆ ಬೇಡಿಕೊಂಡದ್ದನ್ನು ನೋಡಿರಲಿಲ್ಲ. ನಿರ್ದೇಶಕರು ಒಮ್ಮೆ ಕಂಬಳಿಯ ಮೇಲಿನ ಮುದುಕಿಯನ್ನು ನೋಡಿದರು. ಆಮೇಲೆ ಏನೂ ಕೇಳದೆ ಪೆನ್ನು ತೆಗೆದರು.

ಗೆಳೆಯನ ಪಾತ್ರದವನನ್ನು ಕಾಕಾ ತಾವೇ ಕೂಡಿಸಿ, ನಾಯಕನ ತಲೆಯನ್ನು ಅವನ ತೊಡೆಯ ಮೇಲೆ ಇಟ್ಟರು. ಸೀತನಿಯ ಮಾತನ್ನು ಕೊಳಕೂರದ ಹುಡುಗ ಹೇಗೆ ಆಡುತ್ತಾನೋ ಹಾಗೆ ನಾಯಕನಿಂದ ನಾಲ್ಕು ಸಲ ಹೇಳಿಸಿದರು. ಐದನೆಯ ಸಲ ಕ್ಯಾಮೆರಾ ಓಡಿತು. ಬೆಂಗಳೂರಿನ ಆ ಹುಡುಗ ಅಂದು ಚೆನ್ನಾಗಿ ಮಾಡಿದ, ಸುಳ್ಳು ಯಾಕೆ ಹೇಳಲಿ? ‘ಅಳಬ್ಯಾಡ ಅಂತ ಹೇಳ್ರಿ’ ಎಂದು ನಕ್ಕ. ಕಣ್ಣು ಮುಚ್ಚಿದ.

“ಹೌದು, ಹಿಂಗೇ” ಎಂದಳು ಆಯಿ. “ಹಿಂಗೇ ನಗ್ತಿದ್ದ.”

ಆಮೇಲೆ ಯಾರಿಗೂ ಕಾಯದೆ ಎದ್ದು ಹೋಗಿ ನಾಯಕನ ಪಕ್ಕ ಕೂತಳು. ಸೆರಗಿನಿಂದ ಅವನ ಹಣೆಯ ಉಸುಕು ಒರೆಸಿದಳು. ಟೊಪ್ಪಿಗೆ ಸರಿದು ಕಾಕುವಿನ ಪಿನ್ನೊಂದು ಬಿದ್ದು, ಕೂದಲು ಆಯಿಯ ಕೈಗೆ ಬಂತು. ಹಜಾಮನಿಗೆ ಕೂದಲು ಮುಟ್ಟಲು ಬಿಡದ ಹುಡುಗ ಸುಮ್ಮನೆ ಮಲಗಿ, ಆ ಕೈ ತಲೆ ಸವರಿ ಮುಗಿಸುವ ತನಕ ಕಾದ.

“ಏಳೋ ಯಪ್ಪಾ, ಉಸುಕ ಕಾದದ” ಎಂದಳು ಆಯಿ. ಅವನು ಎದ್ದು ಕೂತ.

ಕಾಕಾ ನೀರಿನಂಚಿಗೆ ಹೋಗಿ ನಮಗೆ ಬೆನ್ನು ಮಾಡಿ ನಿಂತಿದ್ದರು. ನಾನು ಹೋಗಿ ಪಕ್ಕದಲ್ಲಿ ನಿಂತೆ. ಅಷ್ಟು ವರ್ಷ ಅವರನ್ನು ನೋಡಿ ನಕ್ಕವಳಿಗೆ ಅಂದು ಅವರ ಮೇಲೆ ಬಂದ ಪ್ರೀತಿಯನ್ನು ಏನೆಂದು ಹೇಳಲಿ! ಕೇಳಬಾರದೆಂದುಕೊಂಡರೂ ಬಾಯಿಗೆ ಬಂದುಬಿಟ್ಟಿತು.

“ಕಾಕಾ, ನಿನ್ನಿ ನೀವು ಬಿದ್ದು ತೋರಿಸಿದ್ದು…”

“ಅದು ಅವಂದು.”

“ಮತ್ತ ಆಯಿ ಹೇಳಿದ ಮಾತು?”

ಕಾಕಾ ಬಗ್ಗಿ ಒಂದು ಬೊಗಸೆ ನೀರು ಮುಖಕ್ಕೆ ಹಾಕಿಕೊಂಡರು.

“ಅದು ನಂದು ಬೇ” ಎಂದರು. ಆಮೇಲೆ ಕಣ್ಣೊರೆಸಿಕೊಂಡು, ಆಯಿಯ ಊಟ ಆಗಿದೆಯೋ ಇಲ್ಲವೋ ಕೇಳಲು ಹೋದರು.